ಹಳೆಯ ದಫ್ತರದಿಂದ ಹೊಸ ತಂತ್ರಾಂಶಕ್ಕೆ

(ಕಲಬುರಗಿಯಲ್ಲಿ ನಡೆದ ಸಂಘದ ವಾರ್ಷಿಕ ಸಭೆಯಲ್ಲಿ ಸದಸ್ಯರು, ಪೋಷಕರು ಹಾಗೂ ವಿದ್ಯಾರ್ಥಿಗಳನ್ನು ಉದ್ದೇಶಿಸಿ ಮಾಡಿದ ಉಪನ್ಯಾಸದ ಬರಹರೂಪ)



ಕಾರ್ಯದರ್ಶಿಗಳು ನನಗೆ ಕೊಟ್ಟಿರುವ ವಿಷಯ ಮೇಲುನೋಟಕ್ಕೆ ಒಣ ವಿಷಯ. ಒಂದು ಸಣ್ಣ ತಂಡದ ಕೆಲಸಕಾರ್ಯಗಳ ಮಾಹಿತಿಯನ್ನು ಹಳೆಯ ಕಡತಗಳಿಂದ ಹೊಸ ಯೋಜನಾ ನಿರ್ವಹಣಾ ತಂತ್ರಾಂಶಕ್ಕೆ ಸಾಗಿಸುವುದು ಹೇಗೆ ಎಂಬುದರ ಬಗ್ಗೆ ನಾನು ಮಾತನಾಡಬೇಕಾಗಿದೆ. ನಮ್ಮ ಶಿಕ್ಷಣ ಸಮಿತಿಯ ಆರು ಜನ ಈ ವರ್ಷ ಆ ಕೆಲಸ ಮಾಡಿದ್ದಾರೆ. ಗಣಕಯಂತ್ರದ ಕಸುಬಿನವನಾದ್ದರಿಂದ ಅವರೊಂದಿಗೆ ಕುಳಿತು ನೆರವಾಗುವ ಅವಕಾಶ ನನಗೆ ಸಿಕ್ಕಿತು.

ಹೆಸರು ದೊಡ್ಡದಾದರೂ ಯೋಜನಾ ನಿರ್ವಹಣಾ ತಂತ್ರಾಂಶವೆಂದರೆ ಒಂದು ಹಲಗೆ ಎಂದು ತಿಳಿಯಿರಿ. ಯಾವ ಕೆಲಸ, ಯಾರ ಪಾಲಿಗೆ, ಯಾವತ್ತಿನೊಳಗೆ, ಈಗ ಎಲ್ಲಿಗೆ ಬಂದಿದೆ ಎಂಬ ನಾಲ್ಕು ಪ್ರಶ್ನೆಗಳಿಗೆ ಉತ್ತರವನ್ನು ತಂಡದ ಎಲ್ಲರಿಗೂ ಕಾಣುವಂತೆ ಬರೆದಿಡುವ ಹಲಗೆ. ನಮ್ಮಲ್ಲಿ ಈ ಉತ್ತರಗಳು ನಾಲ್ಕು ಕಡೆ ಹಂಚಿಹೋಗಿದ್ದವು. ವಿದ್ಯಾರ್ಥಿವೇತನದ ರಿಜಿಸ್ಟರು ಕಲಬುರಗಿ ಕಚೇರಿಯಲ್ಲಿ, ಕಮಲಾಪುರ ಟ್ಯೂಷನ್ ಕೇಂದ್ರದ ಹಾಜರಿ ಅಲ್ಲಿನ ಆಪಾ ಅವರ ನೋಟ್‌ಬುಕ್ಕಿನಲ್ಲಿ, ವಿದ್ಯಾರ್ಥಿಗಳ ಪಟ್ಟಿ ಒಂದು ಎಕ್ಸೆಲ್ ಕಡತದಲ್ಲಿ, ಉಳಿದ ಮಾತೆಲ್ಲ ವಾಟ್ಸ್‌ಆಪ್ ಗುಂಪಿನಲ್ಲಿ. ಇವುಗಳ ಜೊತೆಗೆ, ಕೆಲವು ವರ್ಷಗಳ ಹಿಂದೆ ಉತ್ಸಾಹಿ ತರುಣನೊಬ್ಬ ಅಂತರ್ಜಾಲದಲ್ಲಿ ಮಾಡಿಟ್ಟಿದ್ದ ಒಂದು ಕೆಲಸದ ಹಲಗೆಯೂ ಇತ್ತು. ಆ ತರುಣ ಕೆಲಸಕ್ಕೆಂದು ರಿಯಾದಿಗೆ ಹೋದ. ಹಲಗೆ ಅವನ ಈಮೇಲಿನ ಹೆಸರಿನಲ್ಲೇ ಉಳಿಯಿತು.

ತಂತ್ರಾಂಶ ಬದಲಿಸುವುದು ನಮಗೊಬ್ಬರಿಗೇ ಬಂದ ಕೆಲಸವಲ್ಲ. ವಂಡರ್‌ಲಿಸ್ಟ್ ಎಂಬ ಜನಪ್ರಿಯ ಕೆಲಸಪಟ್ಟಿ 2020ರ ಮೇ ತಿಂಗಳಲ್ಲಿ ನಿಂತುಹೋಯಿತು. ಜಿರಾ ತಂತ್ರಾಂಶವನ್ನು ಸ್ವಂತ ಸರ್ವರಿನಲ್ಲಿ ಇಟ್ಟುಕೊಂಡಿದ್ದವರಿಗೆ ಅಟ್ಲಾಸಿಯನ್ ಕಂಪನಿ ಆ ಆವೃತ್ತಿಯ ಬೆಂಬಲವನ್ನು 2024ರ ಫೆಬ್ರವರಿ 15ಕ್ಕೆ ನಿಲ್ಲಿಸಿತು. ಬೆಂಗಳೂರಿನ ಎಷ್ಟೋ ತಂಡಗಳಿಗೂ ಪರಿಚಿತವಾಗಿದ್ದ ಪಿವೋಟಲ್ ಟ್ರ್ಯಾಕರ್ 2025ರ ಏಪ್ರಿಲ್ 30ಕ್ಕೆ ಬಾಗಿಲು ಹಾಕಿತು. ಬಾಡಿಗೆ ಮನೆಯಲ್ಲಿದ್ದವರು ಮಾಲೀಕ ಹೇಳಿದ ದಿನ ಸಾಮಾನು ಕಟ್ಟಲೇಬೇಕಲ್ಲ. ಇಂದು ಕಾಲೇಜಿನಲ್ಲಿರುವ ಮಕ್ಕಳು ತಮ್ಮ ನೌಕರಿಯ ಅವಧಿಯಲ್ಲಿ ಇಂಥ ಸಾಮಾನು ಕಟ್ಟುವ ಕೆಲಸವನ್ನು ನಾಲ್ಕಾರು ಸಲವಾದರೂ ಮಾಡಬೇಕಾದೀತು.

ನಮ್ಮ ಸೀಮೆಗೂ ಈ ಕೆಲಸ ಹೊಸದಲ್ಲ. ಹೈದರಾಬಾದ್ ಸಂಸ್ಥಾನದಲ್ಲಿ ಆಡಳಿತ ಭಾಷೆ ಉರ್ದು ಆಗಿತ್ತು. 1948ರಲ್ಲಿ ಸಂಸ್ಥಾನ ಭಾರತಕ್ಕೆ ಸೇರಿತು, 1956ರಲ್ಲಿ ಗುಲಬರ್ಗಾ ಜಿಲ್ಲೆ ಅಂದಿನ ಮೈಸೂರು ರಾಜ್ಯಕ್ಕೆ ಬಂತು, ದಫ್ತರದ ಭಾಷೆ ಕನ್ನಡಕ್ಕೆ ತಿರುಗಿತು. ಆದರೆ ಶಿಕಸ್ತಾ ಬರವಣಿಗೆಯಲ್ಲಿದ್ದ ಹಳೆಯ ಕಾಗದಗಳು ಹಾಗೆಯೇ ಉಳಿದವು. ಇವತ್ತಿಗೂ ಜಮೀನಿನ ವ್ಯಾಜ್ಯ ಬಂದಾಗ ಅಜ್ಜನ ಕಾಲದ ಕಾಗದ ಹಿಡಿದುಕೊಂಡು ಅದನ್ನು ಓದಬಲ್ಲ ಹಿರಿಯರನ್ನು ಹುಡುಕುವವರನ್ನು ನೀವು ನೋಡಿರಬಹುದು. ಕಾಗದ ಇದೆ, ಅಕ್ಷರವೂ ಅಳಿಸಿಲ್ಲ, ಓದುವವರು ಮಾತ್ರ ಕಡಿಮೆಯಾಗಿದ್ದಾರೆ. ನಾನು ಇವತ್ತು ಹೇಳಬೇಕೆಂದಿರುವುದೂ ಇದರ ಸುತ್ತಲೇ ಇದೆ: ಹಳೆಯ ಕಡತವನ್ನು ಓದಬಲ್ಲವರು ಎದುರಿಗಿರುವಾಗಲೇ ಅದನ್ನು ಸಾಗಿಸಬೇಕು, ಮತ್ತು ಅವರನ್ನೇ ಕೂರಿಸಿಕೊಂಡು ಸಾಗಿಸಬೇಕು.

ಇದನ್ನು ನಮ್ಮ ರಾಜ್ಯ ದೊಡ್ಡ ಪ್ರಮಾಣದಲ್ಲಿ ಕಲಿತದ್ದು ಪಹಣಿಯ ವಿಷಯದಲ್ಲಿ. ಕರ್ನಾಟಕದಲ್ಲಿ ಪಹಣಿಗಳನ್ನು ಗಣಕೀಕರಿಸುವ ಮೊದಲ ಪ್ರಯತ್ನ 1991ರಲ್ಲೇ ಆರಂಭವಾಯಿತು. 1996ರ ಹೊತ್ತಿಗೆ ಎಲ್ಲ ಜಿಲ್ಲೆಗಳಿಗೂ ಮಂಜೂರಾತಿ ಸಿಕ್ಕಿತ್ತು. ಆದರೂ ಕೆಲಸ ಕೈಗೂಡಲಿಲ್ಲ. ಪಹಣಿ ಬದಲಾಗುವುದು ತಾಲ್ಲೂಕು ಮಟ್ಟದಲ್ಲಿ, ಆದರೆ ತಾಲ್ಲೂಕಿನಲ್ಲಿ ಗಣಕಯಂತ್ರ ಇಡುವ ಏರ್ಪಾಡೇ ಆ ಯೋಜನೆಯಲ್ಲಿ ಇರಲಿಲ್ಲ. ಮಾರಾಟ, ವಾರಸಾ, ಪಾಲು ಎಲ್ಲವೂ ಕೈಬರಹದ ಪುಸ್ತಕದಲ್ಲಿ ನಡೆಯುತ್ತಲೇ ಇದ್ದಾಗ ಗಣಕಯಂತ್ರದೊಳಗಿನ ಪಹಣಿ ನಮೂದಾದ ದಿನದಿಂದಲೇ ಹಳತಾಗುತ್ತದೆ. ಮುಂದೆ ಬಂದ ಭೂಮಿ ಯೋಜನೆಯಲ್ಲಿ ಈ ತೊಡಕನ್ನು ಬಿಡಿಸಿದರು. ಸುಮಾರು 67 ಲಕ್ಷ ಭೂಮಾಲೀಕರ ಸುಮಾರು 2 ಕೋಟಿ ಪಹಣಿಗಳು ತಾಲ್ಲೂಕು ಕಚೇರಿಗಳಲ್ಲೇ ಗಣಕಯಂತ್ರಕ್ಕೆ ಹೋದವು. ನಮೂದು ಮಾಡಿದ್ದನ್ನು ಮುದ್ರಿಸಿ, ಮೂಲ ಪುಸ್ತಕ ಬರೆಯುತ್ತಿದ್ದ ಗ್ರಾಮ ಲೆಕ್ಕಿಗರ ಕೈಗೇ ಕೊಟ್ಟು ತಾಳೆ ನೋಡಿಸಿದರು. ಒಂದು ತಾಲ್ಲೂಕಿನ ಕೆಲಸ ಮುಗಿದ ಮೇಲೆ ಅಲ್ಲಿ ಕೈಬರಹದ ಪಹಣಿಗೆ ಮಾನ್ಯತೆ ಇಲ್ಲವೆಂದು ಘೋಷಿಸಿದರು. ರೈತ 15 ರೂಪಾಯಿ ಕೊಟ್ಟು ಕೌಂಟರಿನಲ್ಲಿ ಮುದ್ರಿತ ಪಹಣಿ ಪಡೆಯುವಂತಾಯಿತು. ತಪ್ಪುಗಳೇ ಇರಲಿಲ್ಲವೆಂದಲ್ಲ, ಪಹಣಿ ತಿದ್ದುಪಡಿಗೆ ಅಲೆದವರು ಈ ಸಭೆಯಲ್ಲೂ ಇದ್ದೀರಿ. ಆದರೂ ಎರಡು ಕ್ರಮಗಳನ್ನು ನಾವು ಅಲ್ಲಿಂದ ಹಾಗೆಯೇ ತೆಗೆದುಕೊಂಡೆವು. ಬರೆದವರಿಂದಲೇ ತಾಳೆ ನೋಡಿಸುವುದು ಒಂದು, ಹೊಸದು ಶುರುವಾದ ದಿನದಿಂದ ಹಳೆಯದರಲ್ಲಿ ಬರೆಯುವುದನ್ನು ಪೂರ್ತಿ ನಿಲ್ಲಿಸುವುದು ಇನ್ನೊಂದು.

ಈಗ ನಮ್ಮ ಕೆಲಸಕ್ಕೆ ಬರೋಣ.

ತಂತ್ರಾಂಶ ಯಾವುದು ಎಂಬುದರ ಮೇಲೆ ಬಹಳ ಚರ್ಚೆಯಾಯಿತು. ರೆಡ್‌ಮೈನ್, ಓಪನ್‌ಪ್ರಾಜೆಕ್ಟ್ ಮುಂತಾದ ಮುಕ್ತ ತಂತ್ರಾಂಶಗಳನ್ನು ಸ್ವಂತ ಸರ್ವರಿನಲ್ಲಿ ಹಾಕಿಕೊಳ್ಳಬಹುದು, ದುಡ್ಡು ಕೊಡಬೇಕಾಗಿಲ್ಲ ಎಂದು ವಿದ್ಯಾರ್ಥಿಗಳು ಹೇಳಿದರು. ಮಾತು ನಿಜ. ಆದರೆ ಸರ್ವರ್ ನೋಡಿಕೊಳ್ಳುವ ಹುಡುಗ ನಾಳೆ ಕೆಲಸ ಸಿಕ್ಕು ಪುಣೆಗೆ ಹೋದರೆ ಮತ್ತೆ ರಿಯಾದಿನ ಕಥೆಯೇ. ಆರು ಜನರ ತಂಡಕ್ಕೆ ಸರಳವಾದ, ಮೊಬೈಲಿನಲ್ಲಿ ತೆರೆಯುವ, ಕನ್ನಡ ಮತ್ತು ಉರ್ದು ಅಕ್ಷರ ಸರಿಯಾಗಿ ತೋರಿಸುವ, ಬೇಕೆಂದಾಗ ಮಾಹಿತಿಯನ್ನು ಹೊರಗೆ ತೆಗೆಯಲು ಬಿಡುವ ಯಾವುದಾದರೂ ಸಾಕು. ಕೊನೆಯ ಗುಣವನ್ನು ಖರೀದಿಗೆ ಮೊದಲೇ ಪರೀಕ್ಷಿಸಿ ನೋಡಿ. ಒಳಗೆ ಬರುವ ಬಾಗಿಲನ್ನು ಎಲ್ಲ ಕಂಪನಿಗಳೂ ತೋರಿಸುತ್ತವೆ, ಹೊರಗೆ ಹೋಗುವ ಬಾಗಿಲನ್ನು ನಾವೇ ಕೇಳಬೇಕು. ಖಾತೆ ಸಂಘದ ಈಮೇಲಿನ ಹೆಸರಿನಲ್ಲಿರಲಿ, ಇಬ್ಬರಿಗೆ ಮೇಲ್ವಿಚಾರಕರ ಹಕ್ಕು ಇರಲಿ.

ಎಕ್ಸೆಲ್ ಕಡತದ ವಿಷಯಕ್ಕೆ ಸ್ವಲ್ಪ ಹೆಚ್ಚು ಹೊತ್ತು ಕೊಡಬೇಕು, ಏಕೆಂದರೆ ಅಪಾಯವೆಲ್ಲ ಅಲ್ಲೇ ಇತ್ತು. ಒಂದು ತಂತ್ರಾಂಶದಿಂದ ಇನ್ನೊಂದಕ್ಕೆ ಮಾಹಿತಿ ಹೋಗುವುದು ಸಾಮಾನ್ಯವಾಗಿ ಸಿಎಸ್‌ವಿ ಎಂಬ ಬರಿಯ ಅಕ್ಷರಗಳ ಕಡತದ ಮೂಲಕ. ಸಾಲುಗಳಿರುತ್ತವೆ, ನಡುವೆ ಅಲ್ಪವಿರಾಮಗಳಿರುತ್ತವೆ, ಅಷ್ಟೇ. ನಮ್ಮ ಪಟ್ಟಿಯಲ್ಲಿ ಕೆಲವು ಹೆಸರುಗಳ ಹಿಂದೆ ಹಳದಿ ಬಣ್ಣವಿತ್ತು. ನೋಡಲು ಚಂದವಿರಲಿ ಎಂದು ಯಾರೋ ಹಾಕಿರಬೇಕು ಎಂದು ವಿದ್ಯಾರ್ಥಿಗಳು ಎಣಿಸಿದ್ದರು. ಪಕ್ಕದಲ್ಲಿ ಕುಳಿತಿದ್ದ ನಮ್ಮ ಹಿರಿಯ ಗುಮಾಸ್ತರು, ಅವರನ್ನು ನಾವೆಲ್ಲ ಚಾಚಾ ಎನ್ನುತ್ತೇವೆ, ಕನ್ನಡಕ ಸರಿಮಾಡಿಕೊಂಡು ಹೇಳಿದರು: "ಬೇಟಾ, ಹಳದಿ ಇರೋ ಮಕ್ಕಳಿಗೆ ತಂದೆ ಇಲ್ಲ. ಅವರಿಗೆ ಫೀಸು ಕೇಳಬಾರದು ಅಂತ ಕಮಿಟಿ ಹೇಳಿತ್ತು."

ಸಿಎಸ್‌ವಿ ಕಡತಕ್ಕೆ ಬಣ್ಣ ಹೋಗುವುದಿಲ್ಲ. ಚಾಚಾ ಆ ಮಧ್ಯಾಹ್ನ ಅಲ್ಲಿ ಇಲ್ಲದಿದ್ದರೆ ಹೊಸ ಹಲಗೆ ಎಲ್ಲ ಹೆಸರುಗಳ ಮುಂದೆಯೂ ಒಂದೇ ಬಗೆಯಲ್ಲಿ 'ಫೀಸು ಬಾಕಿ' ಎಂದು ತೋರಿಸುತ್ತಿತ್ತು. ಯಾರೋ ಒಬ್ಬ ಸ್ವಯಂಸೇವಕ ಒಂದು ವಿಧವೆ ತಾಯಿಗೆ ಫೋನು ಮಾಡುತ್ತಿದ್ದ. ಬಣ್ಣವನ್ನು ಅಕ್ಷರಕ್ಕೆ ಇಳಿಸುವ ಕೆಲಸ ಒಂದು ದಿನ ಹಿಡಿಯಿತು. 'ಫೀಸು ವಿನಾಯಿತಿ' ಎಂಬ ಹೊಸ ಕಂಬಸಾಲು ಮಾಡಿ ಹೌದು, ಇಲ್ಲ ಎಂದು ತುಂಬಿದೆವು. ಕಾರಣವನ್ನು ಮಾತ್ರ ಬರೆಯಲಿಲ್ಲ. ಅನಾಥ ಎಂಬ ಪದ ಆರು ಜನರ ಮೊಬೈಲಿನಲ್ಲಿ ಮಗುವಿನ ಹೆಸರಿನ ಮುಂದೆ ಇರಬೇಕಾದ ಅಗತ್ಯವಿಲ್ಲ ಎಂದು ಆಪಾ ಹೇಳಿದ್ದು ಎಲ್ಲರಿಗೂ ಒಪ್ಪಿಗೆಯಾಯಿತು.

ಬಣ್ಣದ ನಂತರ 'ಆಯ್ತು' ಎಂಬ ಪದದ ಸರದಿ. ಹಳೆಯ ಹಲಗೆಯಲ್ಲಿ ಮೂರೇ ಅಂಕಣ: ಬಾಕಿ, ನಡೆದಿದೆ, ಆಯ್ತು. ವಿದ್ಯಾರ್ಥಿವೇತನದ ಚೀಟಿಗಳಲ್ಲಿ ಬಹುಪಾಲು 'ಆಯ್ತು' ಅಂಕಣದಲ್ಲಿದ್ದವು. ಏನು ಆಯ್ತು ಎಂದು ಒಬ್ಬೊಬ್ಬರನ್ನೇ ಕೇಳಿದಾಗ ಉತ್ತರ ಬೇರೆ ಬೇರೆ ಬಂತು. ಕಲಬುರಗಿಯವರಿಗೆ ಅರ್ಜಿ ತುಂಬಿದ್ದೇ ಆಯ್ತು. ಕಮಲಾಪುರದವರಿಗೆ ಅರ್ಜಿಯ ಪ್ರತಿಯನ್ನು ಕಾಲೇಜಿಗೆ ಕೊಟ್ಟಿದ್ದು ಆಯ್ತು. ಚಾಚಾ ಅವರ ಲೆಕ್ಕದಲ್ಲಿ ಹಣ ಖಾತೆಗೆ ಬಂದರೆ ಮಾತ್ರ ಆಯ್ತು. ರಾಷ್ಟ್ರೀಯ ವಿದ್ಯಾರ್ಥಿವೇತನ ಪೋರ್ಟಲಿನಲ್ಲಿ ಅರ್ಜಿ ಸಲ್ಲಿಸಿದ ಮೇಲೆ ವಿದ್ಯಾಸಂಸ್ಥೆ ಪರಿಶೀಲಿಸಬೇಕು, ಅದರ ಮೇಲಿನ ಹಂತದಲ್ಲಿ ಮತ್ತೆ ಪರಿಶೀಲನೆಯಾಗಬೇಕು, ಬ್ಯಾಂಕ್ ಖಾತೆಗೆ ಆಧಾರ್ ಜೋಡಣೆಯಾಗಿರಬೇಕು. ಸಂಸ್ಥೆಯ ಪರಿಶೀಲನೆಗೂ ಕೊನೆಯ ದಿನಾಂಕ ಇರುತ್ತದೆ. ಅದು ದಾಟಿದರೆ ಹುಡುಗಿ ಅರ್ಜಿ ಹಾಕಿದ್ದೂ ವ್ಯರ್ಥ. ಹಾಗಾಗಿ ಮೂರು ಅಂಕಣಗಳು ಹೊಸ ತಂತ್ರಾಂಶದಲ್ಲಿ ಐದಾದವು: ದಾಖಲೆ ಸಂಗ್ರಹ, ಅರ್ಜಿ ಸಲ್ಲಿಕೆ, ಸಂಸ್ಥೆಯ ಪರಿಶೀಲನೆ, ಮೇಲಿನ ಪರಿಶೀಲನೆ, ಹಣ ಜಮಾ. ತಂತ್ರಾಂಶದ ಆಮದು ಗುಂಡಿ ಒತ್ತಿದ್ದರೆ ಹಳೆಯ 'ಆಯ್ತು' ಹೊಸ 'ಮುಗಿದಿದೆ'ಗೆ ತಾನಾಗಿಯೇ ಹೋಗಿ ಕೂರುತ್ತಿತ್ತು. ಮುಗಿದ ಚೀಟಿಯನ್ನು ಮತ್ತೆ ತೆರೆದು ನೋಡುವವರು ಯಾರು? ನಾವು ಪ್ರತಿ ಚೀಟಿಯನ್ನೂ ಬರೆದವರ ಮುಂದಿಟ್ಟು ಕೇಳಿ, ಪೋರ್ಟಲಿನಲ್ಲಿ ಅರ್ಜಿಯ ಸ್ಥಿತಿ ನೋಡಿ, ಆಮೇಲೆ ಅದರ ಅಂಕಣ ನಿರ್ಧರಿಸಿದೆವು. ಬೇಸರದ ಕೆಲಸ. ಚಹಾ ಬಹಳ ಖರ್ಚಾಯಿತು.

ಹೆಸರುಗಳ ವಿಷಯ ನಮ್ಮ ಸಮಾಜಕ್ಕೆ ಚೆನ್ನಾಗಿ ಗೊತ್ತಿರುವ ತಲೆನೋವು. ಖಾಜಾ ಬಂದೇನವಾಜರ ದರ್ಗಾ ಇರುವ ಊರಿನಲ್ಲಿ ಖಾಜಾ ಎಂಬ ಹೆಸರಿಗೆ ಬರವಿಲ್ಲ. ಅದನ್ನು ಇಂಗ್ಲಿಷಿನಲ್ಲಿ ಬರೆಯುವ ಬಗೆಗಳಿಗೂ ಬರವಿಲ್ಲ. ಮೊಹಮ್ಮದ್ ಎಂಬುದನ್ನು ಒಬ್ಬರು ಎಂ, ಡಿ ಎಂದು ಎರಡೇ ಅಕ್ಷರದಲ್ಲಿ ಮುಗಿಸುತ್ತಾರೆ, ಇನ್ನೊಬ್ಬರು ನಾಲ್ಕು ಅಕ್ಷರ, ಮತ್ತೊಬ್ಬರು ಪೂರ್ತಿ ಬರೆಯುತ್ತಾರೆ. ತಂತ್ರಾಂಶ 'ಮೊದಲ ಹೆಸರು', 'ಕೊನೆಯ ಹೆಸರು' ಎರಡನ್ನೂ ಕೇಳುತ್ತದೆ. ಬೇಗಂ ಎಂಬುದು ಮನೆತನದ ಹೆಸರಲ್ಲವೆಂದು ಅದಕ್ಕೇನು ಗೊತ್ತು! ಎಲ್ಲವನ್ನೂ ಒಂದೇ ಬಗೆಯಲ್ಲಿ ತಿದ್ದಿಬಿಡೋಣ ಎಂಬ ಸಲಹೆ ಬಂತು. ಬೇಡವೆಂದೆವು. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ಹೇಗಿದೆಯೋ ಹಾಗೆ ಒಂದು ಕಂಬಸಾಲು, ಆಧಾರಿನಲ್ಲಿ ಹೇಗಿದೆಯೋ ಹಾಗೆ ಇನ್ನೊಂದು. ಎರಡೂ ಹೊಂದದಿದ್ದರೆ ತಂತ್ರಾಂಶದಲ್ಲಿ ಅದೇ ಒಂದು ಕೆಲಸವಾಗಿ ಏಳುತ್ತದೆ, ಯಾರಾದರೊಬ್ಬರ ಪಾಲಿಗೆ ಬರುತ್ತದೆ. ನಕಲು ಸಾಲುಗಳನ್ನು ಮೊಬೈಲ್ ಸಂಖ್ಯೆ ನೋಡಿ ತೆಗೆಯುವ ಸೌಲಭ್ಯವೂ ಹಲವು ತಂತ್ರಾಂಶಗಳಲ್ಲಿ ಇರುತ್ತದೆ. ಒಂದೇ ಮನೆಯ ಮೂವರು ಮಕ್ಕಳಿಗೆ ತಂದೆಯ ಒಂದೇ ಮೊಬೈಲು ಇರುವ ಊರಿನಲ್ಲಿ ಅದನ್ನು ಬಳಸಿದರೆ ಇಬ್ಬರು ಮಕ್ಕಳು ಪಟ್ಟಿಯಿಂದ ಮಾಯ. ಪ್ರತಿ ವಿದ್ಯಾರ್ಥಿಗೂ ಸಂಘದ್ದೇ ಒಂದು ಕ್ರಮಸಂಖ್ಯೆ ಕೊಟ್ಟ ಮೇಲೆ ಈ ಗೋಳು ತಪ್ಪಿತು.

ಊರಿನ ಹೆಸರೂ ಹಾಗೆಯೇ. 2014ರ ನವೆಂಬರ್ 1ರಂದು ಗುಲಬರ್ಗಾ ಅಧಿಕೃತವಾಗಿ ಕಲಬುರಗಿಯಾಯಿತು. 2018ರಲ್ಲಿ ಕಮಲಾಪುರ ಕಲಬುರಗಿ ತಾಲ್ಲೂಕಿನಿಂದ ಬೇರೆಯಾಗಿ ತಾನೇ ತಾಲ್ಲೂಕಾಯಿತು. ಅದಕ್ಕೂ ಮೊದಲಿನ ಪ್ರಮಾಣಪತ್ರಗಳಲ್ಲಿ ಆ ಹಳ್ಳಿಗಳ ಮಕ್ಕಳ ತಾಲ್ಲೂಕು ಕಲಬುರಗಿ ಅಥವಾ ಗುಲಬರ್ಗಾ ಎಂದೇ ಇರುತ್ತದೆ, ಈಗಿನವುಗಳಲ್ಲಿ ಕಮಲಾಪುರ. ಎರಡೂ ಸರಿ. ಹಳೆಯ ಪ್ರಮಾಣಪತ್ರದ ನಮೂದನ್ನು ಹೊಸ ಹೆಸರಿಗೆ ತಿದ್ದಿದರೆ ಕಾಗದಕ್ಕೂ ಪಟ್ಟಿಗೂ ತಾಳೆಯಾಗದು. ಇನ್ನು ಪಟ್ಟಿಯಿಂದ ಊರು ಆರಿಸುವಾಗ ವಿಜಯನಗರ ಜಿಲ್ಲೆಯ, ಹಂಪಿಯ ಪಕ್ಕದ ಕಮಲಾಪುರ ಮೇಲೆ ಬಂದು ಕೂರುತ್ತದೆ. ಕೆಂಪು ಬಾಳೆಹಣ್ಣಿನ ಕಮಲಾಪುರ ನಮ್ಮದು ಎಂದು ಆಪಾ ವಿದ್ಯಾರ್ಥಿಗಳಿಗೆ ಹೇಳಿಕೊಟ್ಟರು. ಗಣಕಯಂತ್ರಕ್ಕೆ ಹೇಳಲು ಪಿನ್‌ಕೋಡ್ ಬೇಕಾಯಿತು.

ಅಂಕಿಗಳ ವಿಷಯದಲ್ಲಿ ಎಕ್ಸೆಲನ್ನು ಕುರುಡಾಗಿ ನಂಬಬೇಡಿ. 15 ಅಂಕಿಗಳಿಗಿಂತ ಉದ್ದದ ಸಂಖ್ಯೆಯನ್ನು ಅದು ಸಂಖ್ಯೆಯೆಂದು ತಿಳಿದರೆ ಉಳಿದ ಅಂಕಿಗಳ ಜಾಗದಲ್ಲಿ ಸೊನ್ನೆ ಹಾಕುತ್ತದೆ. ಉದ್ದದ ಬ್ಯಾಂಕ್ ಖಾತೆ ಸಂಖ್ಯೆಗಳು ಹೀಗೆ ಸದ್ದಿಲ್ಲದೆ ಕೆಡುತ್ತವೆ. ಮೊದಲಲ್ಲಿರುವ ಸೊನ್ನೆಯನ್ನು ನುಂಗುತ್ತದೆ. ಜೂನ್ 5 ಎಂದು ಬರೆದದ್ದು ಮೇ 6 ಆಗಬಹುದು. ವಂಶವಾಹಿಗಳಿಗೆ ವಿಜ್ಞಾನಿಗಳು ಇಟ್ಟ ಹೆಸರುಗಳನ್ನು ಎಕ್ಸೆಲ್ ದಿನಾಂಕವೆಂದು ಬದಲಿಸುತ್ತಿದ್ದ ಕಾರಣ 2020ರಲ್ಲಿ ಅಂಥ ಹಲವು ವಂಶವಾಹಿಗಳ ಹೆಸರನ್ನೇ ಬದಲಾಯಿಸಬೇಕಾಯಿತು! ಅದೇ ವರ್ಷ ಇಂಗ್ಲೆಂಡಿನಲ್ಲಿ 65,536 ಸಾಲುಗಳಿಗೆ ನಿಲ್ಲುವ ಹಳೆಯ ಎಕ್ಸೆಲ್ ಕಡತದ ದೆಸೆಯಿಂದ ಸುಮಾರು 16 ಸಾವಿರ ಕೋವಿಡ್ ಪ್ರಕರಣಗಳು ಲೆಕ್ಕದಿಂದ ತಪ್ಪಿಹೋಗಿದ್ದವು. ಆ ಸೋಂಕಿತರ ಸಂಪರ್ಕಕ್ಕೆ ಬಂದವರಿಗೆ ಎಚ್ಚರಿಕೆ ತಡವಾಗಿ ತಲುಪಿತು. ಖಾತೆ ಸಂಖ್ಯೆ, ದೂರವಾಣಿ ಸಂಖ್ಯೆಗಳ ಕಂಬಸಾಲುಗಳನ್ನು ಮೊದಲೇ 'ಅಕ್ಷರ' ಎಂದು ಗುರುತಿಸಿಟ್ಟುಕೊಳ್ಳಿ. ಕನ್ನಡ ಇರುವ ಸಿಎಸ್‌ವಿಯನ್ನು ಯುಟಿಎಫ್-8 ಎಂಬ ಆಯ್ಕೆಯಲ್ಲೇ ಉಳಿಸಿ, ಅದರಲ್ಲೇ ತೆರೆಯಿರಿ. ಇಲ್ಲವಾದರೆ ಹೆಸರುಗಳೆಲ್ಲ ಚಿತ್ರವಿಚಿತ್ರ ಗುರುತುಗಳಾಗುತ್ತವೆ. ನಮ್ಮ ಹಳೆಯ ಪಟ್ಟಿಗಳು ನುಡಿಯ ಹಳೆಯ ಫಾಂಟಿನಲ್ಲಿದ್ದವು. ಅವನ್ನು ಯುನಿಕೋಡಿಗೆ ತಿರುಗಿಸಲು ಪರಿವರ್ತಕಗಳಿವೆ, ಒಳ್ಳೆಯ ಕೆಲಸ ಮಾಡುತ್ತವೆ. ಆದರೆ ನಡುವೆ ಇಂಗ್ಲಿಷ್ ಪದವಿದ್ದರೆ ಅದನ್ನೂ ಕನ್ನಡವೆಂದು ತಿಳಿದು ಕಲಸುಮೇಲೋಗರ ಮಾಡುತ್ತವೆ, ಅರ್ಕಾವತ್ತು ಜಾಗ ತಪ್ಪುವುದೂ ಉಂಟು.

ಸಾಗಿಸಿದ ದಿನದ ಬಗ್ಗೆ ಹೆಚ್ಚು ಹೇಳುವುದಿಲ್ಲ. ಬ್ರಿಟನ್ನಿನ ಟಿಎಸ್‌ಬಿ ಬ್ಯಾಂಕು 2018ರ ಏಪ್ರಿಲ್‌ನಲ್ಲಿ ಸುಮಾರು 50 ಲಕ್ಷ ಗ್ರಾಹಕರ ಖಾತೆಗಳನ್ನು ಒಂದೇ ವಾರಾಂತ್ಯದಲ್ಲಿ ಹೊಸ ವ್ಯವಸ್ಥೆಗೆ ಸಾಗಿಸಿತು. ಲಕ್ಷಾಂತರ ಜನ ತಮ್ಮ ಹಣ ಮುಟ್ಟಲಾಗದೆ ಪರದಾಡಿದರು, 2022ರಲ್ಲಿ ಬ್ಯಾಂಕಿಗೆ 4.8 ಕೋಟಿ ಪೌಂಡಿಗೂ ಹೆಚ್ಚು ದಂಡ ಬಿತ್ತು. ನಮ್ಮದು ಅವರ ಮುಂದೆ ಎಳ್ಳಿನಷ್ಟು. ಆದರೂ ಮೊದಲು ಹತ್ತೇ ಸಾಲು ಸಾಗಿಸಿ ನೋಡಿದೆವು. ಎಲ್ಲ ಕೆಲಸಗಳನ್ನೂ ಒಬ್ಬರೇ, ಅಂದರೆ ಆಮದು ಮಾಡಿದವರೇ, ಅದೇ ದಿನ ಸೃಷ್ಟಿಸಿದರೆಂದು ಹೊಸ ತಂತ್ರಾಂಶ ತೋರಿಸಿತು. ಹಳೆಯ ದಿನಾಂಕ ಮತ್ತು ಬರೆದವರ ಹೆಸರನ್ನು ವಿವರಣೆಯ ಜಾಗಕ್ಕೆ ಸೇರಿಸಿ ಮತ್ತೆ ಹತ್ತು ಸಾಲು. ಲಗತ್ತಿಸಿದ ಅಂಕಪಟ್ಟಿಗಳು ಸಿಎಸ್‌ವಿಯಲ್ಲಿ ಬರುವುದಿಲ್ಲ, ಅವನ್ನು ಬೇರೆಯಾಗಿ ಇಳಿಸಿಕೊಂಡೆವು. ಒಂದು ಶುಕ್ರವಾರ ಸಂಜೆಯಿಂದ ಹಳೆಯದರಲ್ಲಿ ಬರೆಯುವುದು ಬಂದ್ ಎಂದು ಎಲ್ಲರಿಗೂ ತಿಳಿಸಿ, ಶನಿವಾರ ಪೂರ್ತಿ ಸಾಗಿಸಿ, ಸಾಲುಗಳನ್ನು ಎಣಿಸಿ ತಾಳೆ ನೋಡಿದೆವು. ಹಳೆಯ ಹಲಗೆ ಈ ಶೈಕ್ಷಣಿಕ ವರ್ಷ ಮುಗಿಯುವವರೆಗೆ ಓದುವುದಕ್ಕೆ ಮಾತ್ರ ತೆರೆದಿರುತ್ತದೆ. ರಿಯಾದಿನಲ್ಲಿರುವ ತರುಣ ರಾತ್ರಿ ಪಾಳಿಯ ನಡುವೆಯೂ ಕರೆ ಮಾಡಿ ಎಲ್ಲ ಹಕ್ಕುಗಳನ್ನೂ ಸಂಘಕ್ಕೆ ವರ್ಗಾಯಿಸಿಕೊಟ್ಟರು, ಅವರಿಗೆ ಈ ಸಭೆಯಿಂದ ಕೃತಜ್ಞತೆಗಳು.

ಆಧಾರ್ ಸಂಖ್ಯೆಯನ್ನು ನಾವು ಹೊಸ ತಂತ್ರಾಂಶಕ್ಕೆ ಹಾಕಲೇ ಇಲ್ಲ ಎಂಬುದನ್ನು ಪೋಷಕರು ಗಮನಿಸಬೇಕು. ಕೆಲಸ ಎಲ್ಲಿಗೆ ಬಂತೆಂದು ತಿಳಿಯಲು ಆ ಸಂಖ್ಯೆ ಬೇಕಿಲ್ಲ. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯ ಪ್ರಕಾರ 18 ವರ್ಷದೊಳಗಿನವರೆಲ್ಲ ಮಕ್ಕಳೇ, ಅವರ ಮಾಹಿತಿ ಬಳಸಲು ತಂದೆತಾಯಿ ಅಥವಾ ಪೋಷಕರ ಒಪ್ಪಿಗೆ ಬೇಕು. ಕಾಯ್ದೆ ಹಂತಹಂತವಾಗಿ ಜಾರಿಗೆ ಬರುತ್ತಿದೆ. ಒಪ್ಪಿಗೆ ಪತ್ರವನ್ನು ಕನ್ನಡ ಮತ್ತು ಉರ್ದು ಎರಡರಲ್ಲೂ ಮುದ್ರಿಸಿದ್ದೇವೆ, ಓದಿ ಸಹಿ ಮಾಡಿ.

ಹೊರಗಿನ ವರಾಂಡದಲ್ಲಿ ಎರಡು ಮೇಜು ಹಾಕಿಸಿದ್ದೇವೆ. ಹೊಸ ತಂತ್ರಾಂಶದಿಂದ ತೆಗೆದ ಮುದ್ರಿತ ಹಾಳೆಗಳು ಅಲ್ಲಿವೆ, ಪ್ರತಿ ವಿದ್ಯಾರ್ಥಿಗೂ ಒಂದು. ಅಂಕಪಟ್ಟಿ ತಂದವರು ಹೆಸರಿನ ಅಕ್ಷರ, ಜನ್ಮದಿನಾಂಕ, ತಾಲ್ಲೂಕು ಈ ಮೂರನ್ನು ನೋಡಿ, ತಪ್ಪಿದ್ದಲ್ಲಿ ಕೆಂಪು ಪೆನ್ನಿನಲ್ಲಿ ತಿದ್ದಿ, ಕೆಳಗೆ ಸಹಿ ಹಾಕಿ ಚಾಚಾ ಅವರ ಕೈಗೆ ಕೊಡಬೇಕು. ಓದಲು ಕಷ್ಟವಾಗುವ ಹಿರಿಯರಿಗೆ ನಮ್ಮ ಪದವಿ ವಿದ್ಯಾರ್ಥಿನಿಯರು ಓದಿ ಹೇಳುತ್ತಾರೆ. ಕಮಲಾಪುರದವರಿಗೆ ಬರುವ ಭಾನುವಾರ ಬೆಳಿಗ್ಗೆ ಹತ್ತು ಗಂಟೆಗೆ ಅಲ್ಲಿನ ಟ್ಯೂಷನ್ ಕೇಂದ್ರದಲ್ಲೇ ಈ ವ್ಯವಸ್ಥೆ ಇರುತ್ತದೆ, ಇವತ್ತು ಅಂಕಪಟ್ಟಿ ತರದವರೂ ಅಲ್ಲಿಗೆ ಬರಬಹುದು. ಊಟ ತಯಾರಾಗಿದೆ ಎಂದು ಕಾರ್ಯದರ್ಶಿಗಳು ಸನ್ನೆ ಮಾಡುತ್ತಿದ್ದಾರೆ, ಪ್ರಶ್ನೆಗಳಿದ್ದರೆ ಮೇಜಿನ ಬಳಿ ಕೇಳಿ.